ಸಮನ್ಸಿನಲ್ಲಿ ಯಾರ ಹೆಸರು?

ಹೊಳೆನರಸೀಪುರದಲ್ಲೋ ಅರಕಲಗೂಡಿನಲ್ಲೋ ಒಂದು ಮನೆಗೆ ಪೊಲೀಸ್ ಪೇದೆ ತಂದೊಪ್ಪಿಸುವ ಸಮನ್ಸು ಬರಿಯ ಒಂದು ಹಾಳೆ. ಆದರೆ ವರದಕ್ಷಿಣೆ ಕಿರುಕುಳದ ಮೊಕದ್ದಮೆಯಲ್ಲಿ ಅದರೊಳಗೆ ಯಾರ ಹೆಸರಿರಬೇಕು, ಅದನ್ನು ಪ್ರಶ್ನಿಸುವುದೆಲ್ಲಿ ಎಂಬುದಕ್ಕೆ ದೀರ್ಘ ಇತಿಹಾಸವಿದೆ.

1961ರ ವರದಕ್ಷಿಣೆ ನಿಷೇಧ ಕಾಯಿದೆಯು ಕೊಡುವುದನ್ನೂ ಪಡೆಯುವುದನ್ನೂ ಅಪರಾಧವೆಂದಿತು. ಕೊಟ್ಟ ತಂದೆಯೂ ತಪ್ಪಿತಸ್ಥನಾಗುವಲ್ಲಿ ದೂರು ಕೊಡುವವರಾರು? 1983ರಲ್ಲಿ ದಂಡ ಸಂಹಿತೆಗೆ 498ಎ ಕಲಮು ಸೇರಿತು. ಪತಿ ಅಥವಾ ಅವನ ಸಂಬಂಧಿಕರ ಕ್ರೌರ್ಯಕ್ಕೆ ಮೂರು ವರ್ಷಗಳವರೆಗೆ ಸೆರೆವಾಸ. 2024ರ ಜುಲೈ 1ರಿಂದ ಇದು ಭಾರತೀಯ ನ್ಯಾಯ ಸಂಹಿತೆಯ 85ನೆಯ ಕಲಮಾಗಿದೆ. ಇದು ಮತಭೇದವಿಲ್ಲದೆ ನಮ್ಮೆಲ್ಲರ ಕುಟುಂಬಗಳಿಗೂ ಅನ್ವಯಿಸುತ್ತದೆ. 'ಸಂಬಂಧಿಕರು' ಎಂಬ ಆ ಪದದೊಳಗೆ ಅತ್ತೆ ಮಾವಂದಿರಷ್ಟೇ ಅಲ್ಲ, ಮದುವೆಯಾಗಿ ಬೇರೆ ಊರು ಸೇರಿದ ನಾದಿನಿಯೂ ಬಂದಳು.

ಸಮನ್ಸಿನ ಪರಾಮರ್ಶೆಗೆ ಅಳತೆಗೋಲು ಅದಕ್ಕೂ ಮೊದಲೇ, ನಮ್ಮ ರಾಜ್ಯದ್ದೇ ಒಂದು ಪ್ರಕರಣದಲ್ಲಿ ದೊರೆತಿತ್ತು. 1976ರ ನಾಗವ್ವ ಪ್ರಕರಣ ವರದಕ್ಷಿಣೆಯದಲ್ಲ. ಆದರೂ ಇಂದಿಗೂ ವಕೀಲರ ಬಾಯಲ್ಲಿದೆ. ಸಮನ್ಸಿನ ಹಂತದಲ್ಲಿ ಮ್ಯಾಜಿಸ್ಟ್ರೇಟರು ಮೇಲ್ನೋಟಕ್ಕೆ ಅಪರಾಧ ಕಾಣುತ್ತದೆಯೇ ಎಂದಷ್ಟೇ ನೋಡಬೇಕು, ಆರೋಪಿಯ ಸಮರ್ಥನೆಯನ್ನು ತೂಗಬಾರದು ಎಂದು ಸುಪ್ರೀಂ ಕೋರ್ಟು ಹೇಳಿತು. ದೂರಿನಲ್ಲಿ ಅಪರಾಧದ ಅಂಶಗಳೇ ಇಲ್ಲದಿದ್ದರೆ, ಅಥವಾ ಆರೋಪ ನಂಬಲಸಾಧ್ಯವಾಗಿದ್ದರೆ ಮೇಲಿನ ನ್ಯಾಯಾಲಯ ಅದನ್ನು ರದ್ದುಪಡಿಸಬಹುದು. ನೊಂದವಳ ಮಾತನ್ನು ಮೊದಲ ಮೆಟ್ಟಿಲಲ್ಲೇ ತಡೆಯದ ಈ ಎಚ್ಚರ ನನಗೆ ಬಹಳ ಮುಖ್ಯವೆನಿಸುತ್ತದೆ.

ಹೊರಡಿಸಿದ ಸಮನ್ಸನ್ನು ಮ್ಯಾಜಿಸ್ಟ್ರೇಟರೇ ಹಿಂಪಡೆಯಬಹುದೆಂದು 1991ರಲ್ಲಿ ತೀರ್ಪಾಗಿತ್ತು. 2004ರಲ್ಲಿ ಅದಾಲತ್ ಪ್ರಸಾದ್ ಪ್ರಕರಣ ಆ ದಾರಿಯನ್ನು ಮುಚ್ಚಿತು. ಅಂದಿನಿಂದ ಚನ್ನರಾಯಪಟ್ಟಣದ ಸಮನ್ಸನ್ನು ಪ್ರಶ್ನಿಸುವವರು ಜಿಲ್ಲೆಯ ಸೆಷನ್ಸ್ ನ್ಯಾಯಾಲಯದಲ್ಲಿ ಪುನರೀಕ್ಷಣೆ ಕೋರಬೇಕು, ಇಲ್ಲವೇ ಬೆಂಗಳೂರಿನ ಹೈಕೋರ್ಟಿಗೆ ಹೋಗಬೇಕು. ಹಾಸನದ ಹಳ್ಳಿಯವರಿಗೆ ಬೆಂಗಳೂರೆಂದರೆ ಒಂದು ದಿನದ ಕೂಲಿ, ಬಸ್ಸಿನ ಖರ್ಚು, ಮತ್ತೊಬ್ಬ ವಕೀಲರ ಶುಲ್ಕ. ಹೈಕೋರ್ಟು ತಡೆಯಾಜ್ಞೆ ನೀಡಿದರೆ ಇಲ್ಲಿನ ವಿಚಾರಣೆ ನಿಲ್ಲುತ್ತದೆ; ಕಾಯುವವಳು ತವರಿನಲ್ಲಿ ಕುಳಿತ ಮಗಳು.

ಮತ್ತೊಂದು ಬದಿಯ ನೋವೂ ನಿಜ. ದೂರದ ಊರಿನಲ್ಲಿದ್ದು ಅಪರೂಪಕ್ಕೆ ಬಂದು ಹೋಗುವ ಬಂಧುಗಳ ಮೇಲಿನ ಆರೋಪವನ್ನು ಬಹಳ ಎಚ್ಚರದಿಂದ ಪರಿಶೀಲಿಸಬೇಕೆಂದು 2010ರ ಪ್ರೀತಿ ಗುಪ್ತಾ ತೀರ್ಪು ಹೇಳಿತು. ಯಾರು ಏನು ಮಾಡಿದರೆಂದು ತಿಳಿಸದೆ ಹೆಸರು ಸೇರಿಸಿದರೆ ಸಾಲದೆಂದು 2012ರಲ್ಲಿ ಗೀತಾ ಮೆಹ್ರೋತ್ರ ಪ್ರಕರಣದಲ್ಲಿ ತೀರ್ಮಾನವಾಯಿತು. ಅಲ್ಲಿ ಗಂಡನ ಅಣ್ಣ ಮತ್ತು ಅವಿವಾಹಿತ ಅಕ್ಕನ ಮೇಲಿನ ಮೊಕದ್ದಮೆ ರದ್ದಾಯಿತು.

ಹೆಣ್ಣುಮಕ್ಕಳಿಗೆ ಇದ್ದ ಇನ್ನೊಂದು ತೊಡಕು 2019ರಲ್ಲಿ ನೀಗಿತು. ಕಿರುಕುಳ ಬೆಂಗಳೂರಿನ ಗಂಡನ ಮನೆಯಲ್ಲಿ ನಡೆದಿದ್ದರೆ ದೂರೂ ಅಲ್ಲೇ ಎಂಬ ವಾದ ಬಹುಕಾಲ ನಡೆದಿತ್ತು. ಕ್ರೌರ್ಯ ತಾಳಲಾರದೆ ಹೊರಬಂದವಳು ಆಶ್ರಯ ಪಡೆದ ಊರಿನಲ್ಲೂ, ಪ್ರಕರಣದ ಸಂಗತಿಗಳನ್ನು ಅನುಸರಿಸಿ, ದೂರು ಕೊಡಬಹುದೆಂದು ರೂಪಾಲಿ ದೇವಿ ಪ್ರಕರಣ ಸ್ಪಷ್ಟಪಡಿಸಿತು. ಹೀಗಾಗಿ ಅರಕಲಗೂಡಿನ ತವರಿಗೆ ಮರಳಿದವಳ ದೂರನ್ನು ಅರಕಲಗೂಡಿನ ನ್ಯಾಯಾಲಯವೇ ಕೇಳಬಹುದು. ನಾದಿನಿಯ ಹೆಸರು ಹೈಕೋರ್ಟಿನಲ್ಲಿ ಕಳಚಿಕೊಂಡರೂ, ಅಷ್ಟಕ್ಕೇ ಗಂಡನ ಮೇಲಿನ ವಿಚಾರಣೆ ಮುಗಿಯುವುದಿಲ್ಲ.