ಕ್ಲೋರೊಫೈಟಾ: ಹಸಿರು ಶೈವಲಗಳ ಹೆಸರಿನ ಚರಿತ್ರೆ

ಹಸಿರು ಶೈವಲಗಳಿಗೆ ಸಸ್ಯವಿಜ್ಞಾನದಲ್ಲಿ ಬಳಕೆಯಲ್ಲಿರುವ ಹೆಸರು ಕ್ಲೋರೊಫೈಟಾ. ಗ್ರೀಕ್ ಭಾಷೆಯ 'ಕ್ಲೋರೋಸ್' ಎಂದರೆ ಎಳೆಹಸಿರು, 'ಫೈಟಾನ್' ಎಂದರೆ ಸಸ್ಯ. ನಾಮಕರಣದ ನಿಯಮದಂತೆ ಶೈವಲಗಳಲ್ಲಿ 'ಫೈಟಾ' ಎಂದು ಮುಗಿಯುವ ಹೆಸರು ವಿಭಾಗದ್ದು, 'ಫೈಸೀ' ಎಂದು ಮುಗಿಯುವುದು ಆ ವಿಭಾಗದೊಳಗಿನ ಒಂದು ವರ್ಗದ್ದು. ಹಾಗಾಗಿ ಕ್ಲೋರೊಫೈಟಾ ದೊಡ್ಡ ಬಳಗ, ಕ್ಲೋರೊಫೈಸೀ ಅದರ ಒಂದು ಕವಲು. ಪುಸ್ತಕಗಳಲ್ಲಿ ಮಾತ್ರ ಒಂದರ ಬದಲು ಇನ್ನೊಂದು ಬರುವುದು ಮೊದಲಿನಿಂದಲೂ ಇದೆ. ಸಾಲದ್ದಕ್ಕೆ ಕ್ಲೋರೊಫೈಟಾ ಎಂಬ ಹೆಸರಿಗೇ ಈಗ ಎರಡು ಅರ್ಥಗಳಿವೆ. ಹಳೆಯ, ವಿಶಾಲ ಅರ್ಥದಲ್ಲಿ ಎಲ್ಲ ಹಸಿರು ಶೈವಲಗಳೂ ಅದರೊಳಗೆ ಬರುತ್ತವೆ. ಹೊಸ, ಕಿರಿದಾದ ಅರ್ಥದಲ್ಲಿ ಅವುಗಳ ಒಂದು ಪಾಲು ಮಾತ್ರ. ಬಣ್ಣ ನೋಡಿ ಇಟ್ಟ ಹೆಸರು ಬಣ್ಣವನ್ನು ನಂಬುವಂತಿಲ್ಲ ಎಂದು ತಿಳಿದ ಮೇಲೂ ಉಳಿದುಕೊಂಡದ್ದರ ಫಲ ಇದು.

ಹೆಸರು ಹುಟ್ಟುವುದಕ್ಕೆ ಬಹಳ ಮೊದಲೇ ಈ ಜೀವಿಗಳು ಮಸೂರದಡಿ ಕಾಣಿಸಿಕೊಂಡಿದ್ದವು. ಡೆಲ್ಫ್ಟ್ ನಗರದ ಆಂಟೋನಿ ಫಾನ್ ಲೇವೆನ್‌ಹುಕ್ 1674ರಲ್ಲಿ ಹತ್ತಿರದ ಸರೋವರವೊಂದರ ನೀರನ್ನು ಪರೀಕ್ಷಿಸಿ, ಅದರಲ್ಲಿ ಸುರುಳಿ ಸುತ್ತಿದ ಹಸಿರು ಪಟ್ಟಿಗಳನ್ನು ಕಂಡದ್ದಾಗಿ ಲಂಡನ್ನಿನ ರಾಯಲ್ ಸೊಸೈಟಿಗೆ ಬರೆದ. ಅದು ಸ್ಪೈರೊಗೈರಾ ಆಗಿದ್ದಿರಬೇಕೆಂದು ವಿದ್ವಾಂಸರು ಎಣಿಸುತ್ತಾರೆ. ಉರುಳುತ್ತ ಸಾಗುವ ಹಸಿರು ಗೋಲಿಯಂಥ ವಾಲ್‌ವಾಕ್ಸನ್ನೂ ಆತ 1700ರ ಸುಮಾರಿಗೆ ವರ್ಣಿಸಿದ. ಆದರೆ ಇವೆರಡೂ ಒಂದೇ ಬಣದವು ಎಂದು ಆಗ ಯಾರಿಗೂ ತೋಚಲಿಲ್ಲ. 1753ರಲ್ಲಿ ಲಿನೇಯಸ್ ಸಸ್ಯಗಳ ಮಹಾಪಟ್ಟಿಯನ್ನು ಪ್ರಕಟಿಸಿದಾಗ ಹೂ ಬಿಡದ ಗಿಡಗಳ ನಡುವೆ 'ಆಲ್ಗೆ' ಎಂಬ ಗಣವನ್ನು ಇಟ್ಟ. ಅದರಲ್ಲಿ ಕಡಲಪಾಚಿಗಳ ಜೊತೆಗೆ ಕಲ್ಲುಹೂವುಗಳೂ ಲಿವರ್‌ವರ್ಟ್‌ಗಳೂ ಸೇರಿದ್ದವು. ಎಳೆಎಳೆಯಾಗಿ ಬೆಳೆಯುವುದೆಲ್ಲ 'ಕಾನ್‌ಫರ್ವಾ', ಹಾಳೆಯಂತೆ ಹರಡುವುದೆಲ್ಲ 'ಉಲ್ವಾ'. ಈಜುವ ವಾಲ್‌ವಾಕ್ಸ್ 1758ರ ಪಟ್ಟಿಯಲ್ಲಿ ಪ್ರಾಣಿಗಳ ಸಾಲಿಗೆ ಹೋಯಿತು.

ಕಾನ್‌ಫರ್ವಾ ಎಂಬ ಆ ದೊಡ್ಡ ರಾಶಿಯನ್ನು ಮೊದಲು ತಾಳ್ಮೆಯಿಂದ ಬಿಡಿಸಿದವನು ಜಿನೀವಾದ ಪಾದ್ರಿ, ಸಸ್ಯಶಾಸ್ತ್ರಜ್ಞ ಜಾನ್ ಪಿಯರ್ ವೋಶೆ. ಸಿಹಿನೀರಿನ ಎಳೆಶೈವಲಗಳ ಮೇಲೆ 1803ರಲ್ಲಿ ಬಂದ ಅವನ ಗ್ರಂಥ ಬಣ್ಣವನ್ನಾಗಲಿ ಆಕಾರವನ್ನಾಗಲಿ ಮುಖ್ಯ ಮಾಡಲಿಲ್ಲ. ಎರಡು ಎಳೆಗಳು ಕೂಡಿಕೊಂಡು ಸಂತಾನ ಬೆಳೆಸುವುದನ್ನು ಗಮನಿಸಿತು. ಇಷ್ಟು ಬೇಗ ಸಂತಾನೋತ್ಪತ್ತಿಯನ್ನು ವರ್ಗೀಕರಣದ ಆಧಾರವಾಗಿ ಹಿಡಿದದ್ದು ಸಣ್ಣ ಸಾಧನೆಯಲ್ಲ. ಆದರೆ ಮುಂದಿನ ತಲೆಮಾರು ಆ ದಾರಿ ಬಿಟ್ಟು ಬಣ್ಣದ ದಾರಿ ಹಿಡಿಯಿತು.

ಬಣ್ಣಕ್ಕೆ ಒಂದು ಅನುಕೂಲವಿತ್ತು. ಸೂಕ್ಷ್ಮದರ್ಶಕವಿಲ್ಲದೆ, ಕಡಲ ದಡದಲ್ಲಿ ನಿಂತೇ ಅದನ್ನು ಗುರುತಿಸಬಹುದು. ಫ್ರಾನ್ಸಿನ ಲಾಮುರೂ 1813ರಲ್ಲಿ ಕಡಲ ಶೈವಲಗಳ ಗುಂಪುಗಳನ್ನು ಮಾಡುವಾಗ ಬಣ್ಣವನ್ನು ಗಣನೆಗೆ ತಂದ. ಐರ್ಲೆಂಡಿನ ವಿಲಿಯಂ ಹೆನ್ರಿ ಹಾರ್ವಿ 1836ರಲ್ಲಿ ಅದನ್ನೇ ನೇರ ನಿಯಮ ಮಾಡಿ, ಕಂದುಬಣ್ಣದವು, ಕೆಂಪುಬಣ್ಣದವು, ಹಸಿರುಬಣ್ಣದವು ಎಂದು ವಿಂಗಡಿಸಿ, ಡಯಾಟಮ್‌ಗಳನ್ನು ಬೇರೆಯಾಗಿಟ್ಟ. ಹಸಿರು ಗುಂಪಿಗೆ ಅವನು ಕೊಟ್ಟ ಹೆಸರು ಕ್ಲೋರೊಸ್ಪರ್ಮಿ. ಇದು ಬರಿಯ ಸೌಕರ್ಯದ ವಿಂಗಡಣೆ ಎಂದು ತಳ್ಳಿಹಾಕುವಂತಿಲ್ಲ. ಕೆಂಪು ಶೈವಲಗಳು ಮತ್ತು ಕಂದು ಶೈವಲಗಳು ನಿಜಕ್ಕೂ ಬೇರೆಬೇರೆ ವಂಶಗಳೆಂದು ನಂತರದ ಎಲ್ಲ ಪರೀಕ್ಷೆಗಳೂ ಒಪ್ಪಿವೆ. ಹಾರ್ವಿಯ ಪದ್ಧತಿ ಸೋತದ್ದು ಹಸಿರಿನಲ್ಲೇ. ಬೇರೆಲ್ಲೂ ಸೇರದ ನೀಲಿಹಸಿರು ಶೈವಲಗಳನ್ನೂ ಅವನು ಅದೇ ಗುಂಪಿಗೆ ಹಾಕಿದ್ದ.

ಹಸಿರು ಎಂದರೇನು ಎಂಬ ಪ್ರಶ್ನೆಯನ್ನು ಅಷ್ಟರಲ್ಲಿ ರಸಾಯನಶಾಸ್ತ್ರ ಕೈಗೆತ್ತಿಕೊಂಡಿತ್ತು. ಪ್ಯಾರಿಸ್ಸಿನ ಪೆಲ್ಲೆತಿಯೆ ಮತ್ತು ಕಾವಾಂತೂ 1817ರಲ್ಲಿ ಎಲೆಯಿಂದ ಹಸಿರು ದ್ರವ್ಯವನ್ನು ಬೇರ್ಪಡಿಸಿ ಅದನ್ನು ಕ್ಲೋರೊಫಿಲ್ ಎಂದು ಕರೆದರು. ಅದು ಒಂದೇ ವಸ್ತುವಲ್ಲ, ಮಿಶ್ರಣ ಎಂದು 1864ರಲ್ಲಿ ಜಾರ್ಜ್ ಸ್ಟೋಕ್ಸ್ ಬೆಳಕಿನ ಪ್ರಯೋಗಗಳಿಂದ ತೋರಿಸಿದ. ವಾರ್ಸಾದಲ್ಲಿದ್ದ ಮಿಖಾಯಿಲ್ ತ್ಸ್ವೆತ್ 1906ರ ಲೇಖನಗಳಲ್ಲಿ ವಿವರಿಸಿದ ವಿಧಾನವಂತೂ ಕಣ್ಣಿಗೇ ಕಾಣುವಂಥದ್ದು. ಗಾಜಿನ ಕೊಳವೆಯಲ್ಲಿ ಸೀಮೆಸುಣ್ಣದ ಪುಡಿ ತುಂಬಿ ಎಲೆಯ ರಸವನ್ನು ಇಳಿಬಿಟ್ಟರೆ ನೀಲಿಹಸಿರು, ಹಳದಿಹಸಿರು, ಹಳದಿ ಎಂದು ಪಟ್ಟೆಪಟ್ಟೆಯಾಗಿ ಬಣ್ಣಗಳು ಬೇರ್ಪಡುತ್ತವೆ. ನೀಲಿಹಸಿರಿನದು ಕ್ಲೋರೊಫಿಲ್ 'ಎ', ಹಳದಿಹಸಿರಿನದು 'ಬಿ'. ಈ ಎರಡೂ ಇರುವುದು, ಜೊತೆಗೆ ಪಿಷ್ಟವನ್ನು ಹರಿತ್ಕಣದ ಒಳಗೇ ಕೂಡಿಡುವುದು ಹಸಿರು ಶೈವಲಗಳ ಲಕ್ಷಣ. ನೆಲದ ಮೇಲಿನ ಎಲ್ಲ ಹಸಿರು ಗಿಡಗಳ ಲಕ್ಷಣವೂ ಅದೇ ಆಗಿದೆ. ಅಂದಿನಿಂದ ಈ ಹೆಸರಿಗೆ ಬಣ್ಣಕ್ಕಿಂತ ಗಟ್ಟಿಯಾದ ಆಧಾರ ಸಿಕ್ಕಿತು.

ಕ್ಲೋರೊಫೈಸೀ ಎಂಬ ರೂಪ 1880ರ ದಶಕದಲ್ಲಿ ನಾರ್ವೆಯ ವಿಲ್ಲೆಯಿಂದ ಚಲಾವಣೆಗೆ ಬಂತು. ಕ್ಲೋರೊಫೈಟಾ ಎಂಬುದನ್ನು ಜರ್ಮನಿಯ ರೈಖೆನ್‌ಬಾಖ್ 1834ರಲ್ಲೇ ಬಳಸಿದ್ದರೂ, ಇಂದಿನ ಅರ್ಥದ ವಿಭಾಗವಾಗಿ ಅದನ್ನು ನೆಲೆಗೊಳಿಸಿದವನು ಪ್ರಾಗ್‌ನ ಅಡಾಲ್ಫ್ ಪಾಷರ್, 1914ರಲ್ಲಿ. ಇದರ ನಡುವೆ ಗುಂಪಿನಿಂದ ಹೊರಹಾಕುವ ಕೆಲಸವೂ ಸಾಗಿತ್ತು. 1899ರಲ್ಲಿ ಲೂಥರ್ ಎಂಬ ವಿಜ್ಞಾನಿ, ಒಂದು ಉದ್ದ ಒಂದು ಗಿಡ್ಡ ಕಶಾಂಗವಿರುವ, ಪಿಷ್ಟ ಮಾಡದ ಕೆಲವು ಹಸಿರು ಶೈವಲಗಳನ್ನು ಬೇರೆ ಮಾಡಿದ. ವೋಶೆಯ ಗೌರವಾರ್ಥ ಹೆಸರಿಟ್ಟ ವೋಶೇರಿಯಾ ಕೂಡ ಕೊನೆಗೆ ಆ ಹೊರಗಿನ ಗುಂಪಿಗೇ ಸೇರಿತು, ಆದರೆ ತಡವಾಗಿ. 1935ರಲ್ಲಿ ಎಫ್. ಇ. ಫ್ರಿಚ್ ಬರೆದ ಶೈವಲಗಳ ಮಹಾಗ್ರಂಥದಲ್ಲಿ ಅದಿನ್ನೂ ಹಸಿರುಗಳ ನಡುವೆಯೇ ಇತ್ತು. ನೀಲಿಹಸಿರು ಶೈವಲಗಳಿಗೆ 1874ರಲ್ಲಿ ಸಾಕ್ಸ್ ಪ್ರತ್ಯೇಕ ಹೆಸರು ಕೊಟ್ಟಿದ್ದ. ಅವುಗಳಿಗೆ ಕೋಶಕೇಂದ್ರವೇ ಇಲ್ಲ, ಅವು ಬ್ಯಾಕ್ಟೀರಿಯಾ ಎಂಬ ಮಾತು ಸಾಮಾನ್ಯವಾದದ್ದು 1970ರ ದಶಕದಲ್ಲಿ.

ಹಸಿರಾಗಿದ್ದೂ ಹಸಿರು ಶೈವಲವಲ್ಲದವು ಹೀಗೆ ಹೊರನಡೆದರೆ, ಹಸಿರಾಗಿ ಕಾಣದಿದ್ದರೂ ಒಳಗೇ ಇರಬೇಕಾದವು ಇನ್ನೊಂದು ಕಡೆ ಇದ್ದವು. ಮಲೆನಾಡಿನಲ್ಲಿ ಮಳೆಗಾಲ ಹಿಡಿದಾಗ ಮರದ ಕಾಂಡಗಳ ಮೇಲೆ, ಹಳೆಯ ಕಲ್ಲುಗೋಡೆಗಳ ಮೇಲೆ ಕಿತ್ತಳೆ ಬಣ್ಣದ ಮಖಮಲ್ಲಿನಂಥ ಲೇಪ ಕಾಣುತ್ತದೆ. ಉಗುರಿನಿಂದ ಕೆರೆದರೆ ಪುಡಿಪುಡಿಯಾಗಿ ಬರುತ್ತದೆ. ಅನೇಕರು ಅದನ್ನು ಬೂಷ್ಟು ಎಂದುಕೊಳ್ಳುತ್ತಾರೆ. ಅದು ಟ್ರೆಂಟಿಪೋಲಿಯಾ, ಅಪ್ಪಟ ಹಸಿರು ಶೈವಲ. ಅದರ ಕೋಶದಲ್ಲಿ ಕ್ಯಾರೊಟಿನ್ ತುಂಬಿದ ಎಣ್ಣೆಹನಿಗಳು ದಟ್ಟವಾಗಿದ್ದು ಕ್ಲೋರೊಫಿಲ್ಲನ್ನು ಮುಚ್ಚಿಬಿಡುತ್ತವೆ. 2001ರ ಜುಲೈನಲ್ಲಿ ಕೇರಳದ ಕೊಟ್ಟಾಯಂ ಸುತ್ತ ಕೆಂಪು ಮಳೆ ಬಿದ್ದು ದೇಶವೆಲ್ಲ ಸುದ್ದಿಯಾದಾಗ, ಸರ್ಕಾರಿ ಸಂಸ್ಥೆಗಳ ಅಧ್ಯಯನ ಮಳೆನೀರಿನಲ್ಲಿದ್ದ ಕಣಗಳು ಟ್ರೆಂಟಿಪೋಲಿಯಾದ ಬೀಜಕಗಳೆಂದು ವರದಿ ಮಾಡಿತು. ಇದರ ಹತ್ತಿರದ ಬಂಧು ಸೆಫಾಲ್ಯೂರಸ್ ಚಹಾ, ಮಾವು, ಪೇರಲೆಯ ಎಲೆಗಳ ಮೇಲೆ ಕಿತ್ತಳೆ ಚುಕ್ಕೆಗಳಾಗಿ ಬೆಳೆಯುತ್ತದೆ. ಚಹಾ ತೋಟಗಳಲ್ಲಿ ಇದಕ್ಕೆ ಕೆಂಪು ತುಕ್ಕುರೋಗ ಎಂದೇ ಹೆಸರು. ಕಲ್ಕತ್ತೆಯಲ್ಲಿದ್ದ ವೈದ್ಯ ಡಿ. ಡಿ. ಕನ್ನಿಂಗ್‌ಹ್ಯಾಮ್ 1870ರ ದಶಕದಲ್ಲಿ ಇದನ್ನು ಶೈವಲವೆಂದೇ ಸರಿಯಾಗಿ ಗುರುತಿಸಿದ, ಆದರೂ ಅವನು ಆರಿಸಿದ ಮೈಕಾಯಿಡಿಯಾ ಎಂಬ ಹೆಸರಿನ ಅರ್ಥ 'ಶಿಲೀಂಧ್ರದಂಥದು' ಎಂದು. ಇಂಥದೇ ಇನ್ನೊಂದು ಪ್ರಸಂಗ ಉತ್ತರ ಧ್ರುವದ ಕಡೆಯದು. 1818ರಲ್ಲಿ ಜಾನ್ ರಾಸ್‌ನ ಹಡಗು ಗ್ರೀನ್‌ಲ್ಯಾಂಡ್ ತೀರದಿಂದ ತಂದ ಕೆಂಪು ಹಿಮವನ್ನು ಕ್ಯೂ ಉದ್ಯಾನದ ಚಿತ್ರಕಾರ ಫ್ರಾನ್ಸಿಸ್ ಬಾವರ್ ಪರೀಕ್ಷಿಸಿ, ಅದರ ಕಣಗಳು ಶಿಲೀಂಧ್ರ ಎಂದು ತೀರ್ಮಾನಿಸಿದ. ಅವು ಕೆಂಪು ವರ್ಣದ್ರವ್ಯ ತುಂಬಿಕೊಂಡ ಹಸಿರು ಶೈವಲದ ಕೋಶಗಳು.

ಹೆಸರಿನ ವ್ಯತ್ಯಾಸ ಕೈಕೆಲಸಕ್ಕೆ ಎಷ್ಟು ಮುಖ್ಯ ಎಂಬುದಕ್ಕೆ ಮೈಸೂರಿನಲ್ಲೇ ಒಂದು ನಿದರ್ಶನವಿದೆ. ಅಲ್ಲಿನ ಕೇಂದ್ರೀಯ ಆಹಾರ ತಾಂತ್ರಿಕ ಸಂಶೋಧನಾಲಯದಲ್ಲಿ 1970ರ ದಶಕದಲ್ಲಿ ಜರ್ಮನಿಯ ಸಹಕಾರದೊಡನೆ ಶೈವಲಗಳನ್ನು ಪ್ರೋಟೀನಿಗಾಗಿ ಬೆಳೆಸುವ ಯೋಜನೆ ನಡೆಯಿತು. ಬೆಳೆಸಿದ ಎರಡು ಮುಖ್ಯ ಜೀವಿಗಳು ಸಿನೆಡೆಸ್ಮಸ್ ಮತ್ತು ಸ್ಪಿರುಲಿನಾ. ಕೊಳದಲ್ಲಿ ನೋಡಿದರೆ ಎರಡೂ ಹಸಿರೇ. ಆದರೆ ಸಿನೆಡೆಸ್ಮಸ್ ನಿಜವಾದ ಕ್ಲೋರೊಫೈಟಾ. ಗಟ್ಟಿ ಕೋಶಗೋಡೆಯ ಒಂಟಿ ಅಥವಾ ನಾಲ್ಕಾರು ಕೋಶಗಳ ಪುಟ್ಟ ಗುಂಪು. ಅದನ್ನು ನೀರಿನಿಂದ ಬೇರ್ಪಡಿಸಲು ಯಂತ್ರ ಬೇಕು, ಆಮೇಲೆ ಬಿಸಿ ಉರುಳೆಯ ಮೇಲೆ ಒಣಗಿಸಿ ಗೋಡೆ ಒಡೆಯದಿದ್ದರೆ ಹೊಟ್ಟೆಯಲ್ಲಿ ಜೀರ್ಣವಾಗುವುದಿಲ್ಲ. ಸ್ಪಿರುಲಿನಾ ನೀಲಿಹಸಿರು ಬ್ಯಾಕ್ಟೀರಿಯಾ. ಉದ್ದ ಎಳೆಗಳಾದ್ದರಿಂದ ಬಟ್ಟೆಯಲ್ಲೇ ಸೋಸಬಹುದು, ಗೋಡೆ ಮೆತ್ತಗಿದ್ದು ಸುಲಭವಾಗಿ ಜೀರ್ಣವಾಗುತ್ತದೆ. ಸ್ಪಿರುಲಿನಾ ಪುಡಿಯನ್ನು ಇಂದಿಗೂ 'ಹಸಿರು ಪಾಚಿ' ಎಂದು ಮಾರುವುದುಂಟು. ವೈಜ್ಞಾನಿಕವಾಗಿ ಅದು ತಪ್ಪು.

ಹೆಸರಿನ ಚರಿತ್ರೆಯಲ್ಲಿ ಭಾರತದ ಪಾಲನ್ನು ಹೇಳಬೇಕಾದರೆ ಮದರಾಸಿನ ಎಂ. ಓ. ಪಿ. ಅಯ್ಯಂಗಾರ್ ಅವರಿಂದ ತೊಡಗಬೇಕು. ಭಾರತದ ಶೈವಲವಿಜ್ಞಾನಕ್ಕೆ ಅಡಿಪಾಯ ಹಾಕಿದ ಅವರು 1932ರಲ್ಲಿ, ಒಣಗುತ್ತಿರುವ ಕುಂಟೆಗಳ ಹಸಿ ಮಣ್ಣಿನ ಮೇಲೆ ಬೆಳೆಯುವ ಹೊಸ ಹಸಿರು ಶೈವಲವೊಂದನ್ನು ವರ್ಣಿಸಿ, ಲಂಡನ್ನಿನ ತಮ್ಮ ಗುರು ಫ್ರಿಚ್ ಅವರ ಗೌರವಾರ್ಥ ಫ್ರಿಚಿಯೆಲ್ಲಾ ಎಂದು ಹೆಸರಿಟ್ಟರು. ಈ ಶೈವಲ ಒಂದು ಭಾಗವನ್ನು ಮಣ್ಣಿನೊಳಗೆ ಗಡ್ಡೆಗಟ್ಟಿದ ಕೋಶಗಳಾಗಿ ಇಟ್ಟು, ಬೇರಿನಂಥ ಎಳೆಯನ್ನು ಇಳಿಬಿಟ್ಟು, ಇನ್ನೊಂದು ಭಾಗವನ್ನು ಕವಲೊಡೆಸಿ ಮೇಲಕ್ಕೆ ಕಳಿಸುತ್ತದೆ. ನೀರಿನ ಶೈವಲ ನೆಲ ಹತ್ತಿ ಗಿಡವಾದದ್ದು ಹೀಗೆಯೇ ಇರಬೇಕು ಎಂದು ದಶಕಗಳ ಕಾಲ ಪಾಠ ಹೇಳಿದವರಿಗೆ ಫ್ರಿಚಿಯೆಲ್ಲಾ ಅಚ್ಚುಮೆಚ್ಚಿನ ಉದಾಹರಣೆಯಾಗಿತ್ತು.

ಎಲೆಕ್ಟ್ರಾನ್ ಸೂಕ್ಷ್ಮದರ್ಶಕ ಬಂದ ಮೇಲೆ ಆ ಪಾಠ ನಿಲ್ಲಲಿಲ್ಲ. ಜೆರೆಮಿ ಪಿಕೆಟ್-ಹೀಪ್ಸ್ ಮತ್ತು ಸಂಗಡಿಗರು 1960ರ ದಶಕದ ಕೊನೆಯಿಂದ ಹಸಿರು ಶೈವಲಗಳ ಕೋಶ ಎರಡಾಗುವ ಬಗೆಯನ್ನು ಒಂದೊಂದಾಗಿ ನೋಡುತ್ತ ಹೋದರು. ನೆಲದ ಗಿಡಗಳಲ್ಲಿ ಹೊಸ ಗೋಡೆ ಏಳುವ ಕಡೆ ಸೂಕ್ಷ್ಮನಾಳಗಳು ಆ ಗೋಡೆಗೆ ಲಂಬವಾಗಿ, ಒಂದು ಕೋಶಕೇಂದ್ರದಿಂದ ಇನ್ನೊಂದರ ದಿಕ್ಕಿಗೆ ಚಾಚಿರುತ್ತವೆ. ಈ ಏರ್ಪಾಡಿಗೆ ಫ್ರಾಗ್ಮೊಪ್ಲಾಸ್ಟ್ ಎನ್ನುತ್ತಾರೆ. ಕ್ಲಮೈಡೊಮೊನಾಸ್ ಮುಂತಾದ ಹಸಿರು ಶೈವಲಗಳಲ್ಲಿ ಅವೇ ನಾಳಗಳು ಗೋಡೆಯ ಉದ್ದಕ್ಕೇ ಮಲಗಿರುತ್ತವೆ; ಇದು ಫೈಕೊಪ್ಲಾಸ್ಟ್. ಕಾರಾ ಎಂಬ ಹಸಿರು ಶೈವಲ ಮತ್ತು ಸ್ಪೈರೊಗೈರಾ ನೆಲದ ಗಿಡಗಳ ಪಕ್ಷಕ್ಕೆ ಬಂದವು. ಗಿಡದಂತೆ ಕಾಣುವ ಫ್ರಿಚಿಯೆಲ್ಲಾ ಕ್ಲಮೈಡೊಮೊನಾಸ್‌ನ ಪಕ್ಷಕ್ಕೆ ಹೋಯಿತು. ಗ್ಲೈಕೊಲೇಟ್ ಎಂಬ ವಸ್ತುವನ್ನು ಒಡೆಯುವ ಕಿಣ್ವವೂ ಎರಡು ಪಕ್ಷಗಳಲ್ಲಿ ಬೇರೆಬೇರೆ ಎಂದು 1970ರ ದಶಕದಲ್ಲಿ ತಿಳಿಯಿತು. 1984ರಲ್ಲಿ ಮ್ಯಾಟಕ್ಸ್ ಮತ್ತು ಸ್ಟೀವರ್ಟ್ ಇವೆಲ್ಲವನ್ನೂ ಕೂಡಿಸಿ ಹಸಿರು ಶೈವಲಗಳನ್ನು ಐದು ವರ್ಗಗಳಾಗಿ ಮಾಡಿದರು. ಅಲ್ಲಿಯವರೆಗೆ ಬಹುತೇಕ ಇಡೀ ಗುಂಪಿನ ಹೆಸರಾಗಿದ್ದ ಕ್ಲೋರೊಫೈಸೀ ಐದರಲ್ಲಿ ಒಂದಾಯಿತು.

ಡಿಎನ್‌ಎ ಹೋಲಿಕೆ ಈ ಇಬ್ಭಾಗವನ್ನು ದೃಢಪಡಿಸಿತು. ಒಂದು ವಂಶದಲ್ಲಿ ಕಾರಾ, ಸ್ಪೈರೊಗೈರಾ ಮತ್ತು ನೆಲದ ಸಸ್ಯಗಳೆಲ್ಲ ಇವೆ. ಅದಕ್ಕೆ ಸ್ಟ್ರೆಪ್ಟೊಫೈಟಾ ಎಂದು ಹೆಸರು. ಅದರೊಳಗಿನ ಶೈವಲಗಳನ್ನಷ್ಟೇ ಹೇಳಬೇಕಾದಾಗ ಕಾರೊಫೈಟಾ ಎನ್ನುವುದು ರೂಢಿ. ಉಳಿದ ವಂಶವೇ ಕಿರಿದಾದ ಅರ್ಥದ ಕ್ಲೋರೊಫೈಟಾ. ಸ್ಪೈರೊಗೈರಾ ಇರುವ ಬಳಗವೇ ನೆಲದ ಸಸ್ಯಗಳಿಗೆ ಅತಿ ಹತ್ತಿರದ್ದು ಎಂದು ಈಚಿನ ದೊಡ್ಡ ಅಧ್ಯಯನಗಳು ಹೇಳುತ್ತವೆ. ಕೆರೆಯಂಚಿನಲ್ಲಿ ಕೈಗೆ ರೇಷ್ಮೆಯಂತೆ ಜಾರುವ ಆ ಎಳೆ, ಕರಾವಳಿಯ ಬಂಡೆಗಂಟಿದ ಉಲ್ವಾಕ್ಕಿಂತ ಅಡಿಕೆ ಮರಕ್ಕೆ ಹತ್ತಿರದ ನೆಂಟ. ನೋಟದಿಂದ ಯಾರೂ ಊಹಿಸಲಾಗದ ಸಂಬಂಧ ಇದು. ಹೆಸರಿನ ಅರ್ಥವನ್ನು ಕಿರಿದುಗೊಳಿಸಿದ್ದಕ್ಕೆ ಇದಕ್ಕಿಂತ ಬಲವಾದ ಸಮರ್ಥನೆ ಬೇಕಿಲ್ಲ.

ಕಿರಿದಾದ ಅರ್ಥದಲ್ಲೂ ಕ್ಲೋರೊಫೈಟಾ ಸಣ್ಣ ಬಳಗವೇನಲ್ಲ. ಕ್ಲಮೈಡೊಮೊನಾಸ್, ವಾಲ್‌ವಾಕ್ಸ್, ಸಿನೆಡೆಸ್ಮಸ್ ಇರುವ ಕ್ಲೋರೊಫೈಸೀ; ಉಲ್ವಾ, ಕಾಲರ್ಪಾ, ಟ್ರೆಂಟಿಪೋಲಿಯಾ ಇರುವ ಉಲ್ವೊಫೈಸೀ; ಕ್ಲೋರೆಲ್ಲಾ ಮತ್ತು ಕಲ್ಲುಹೂವುಗಳ ಒಳಗೆ ಬದುಕುವ ಟ್ರೆಬೌಕ್ಸಿಯಾ ಇರುವ ಟ್ರೆಬೌಕ್ಸಿಯೊಫೈಸೀ ಅದರ ಮುಖ್ಯ ವರ್ಗಗಳು. ದಕ್ಷಿಣ ಫ್ರಾನ್ಸಿನ ಹಿನ್ನೀರಿನಲ್ಲಿ 1994ರಲ್ಲಿ ಸಿಕ್ಕ ಆಸ್ಟ್ರಿಯೊಕಾಕಸ್ ಒಂದು ಮೈಕ್ರೋಮೀಟರಿಗಿಂತ ಚಿಕ್ಕದು. ಕಾಲರ್ಪಾದ ಒಂದೇ ಕೋಶ ಮೀಟರಿಗೂ ಮೀರಿ ಹರಡಬಲ್ಲದು. 2020ರಲ್ಲಿ ಇನ್ನೊಂದು ಪುಟ್ಟ ಕಡಲ ಗುಂಪನ್ನು ಕ್ಲೋರೊಫೈಟಾದಿಂದ ಹೊರತೆಗೆದು ಪ್ರಾಸಿನೊಡರ್ಮೊಫೈಟಾ ಎಂಬ ಮೂರನೆಯ ವಿಭಾಗ ಮಾಡಲಾಯಿತು.

ತರಗತಿಗಳ ಬಳಕೆ ಇಷ್ಟು ದೂರ ಬಂದಿಲ್ಲ. ಕರ್ನಾಟಕದ ಪದವಿಪೂರ್ವ ತರಗತಿಗಳಲ್ಲಿ ಓದುವ ಎನ್‌ಸಿಇಆರ್‌ಟಿ ಜೀವಶಾಸ್ತ್ರ ಪುಸ್ತಕ ಶೈವಲಗಳನ್ನು ಕ್ಲೋರೊಫೈಸೀ, ಫಿಯೊಫೈಸೀ, ರೋಡೊಫೈಸೀ ಎಂದು ಮೂರಾಗಿಯೇ ವಿಂಗಡಿಸುತ್ತದೆ. ಇದರ ಹಿಂದಿರುವುದು ಹಾರ್ವಿಯ 1836ರ ಚೌಕಟ್ಟು. ಹಸಿರಿನ ಉದಾಹರಣೆಗಳಲ್ಲಿ ಕ್ಲಮೈಡೊಮೊನಾಸ್ ಜೊತೆಗೆ ಸ್ಪೈರೊಗೈರಾ, ಕಾರಾ ಕೂಡ ಇವೆ. ಆರಂಭದ ಪಾಠಕ್ಕೆ ಈ ವಿಂಗಡಣೆ ಸಾಕು. ಆದರೆ ಪದವಿ ತರಗತಿಯಲ್ಲಿ ಹೊಸ ಗ್ರಂಥ ತೆರೆದ ವಿದ್ಯಾರ್ಥಿಗೆ ಅದೇ ಸ್ಪೈರೊಗೈರಾ ಬೇರೆ ವಿಭಾಗದಲ್ಲಿ ಕಂಡು ಗೊಂದಲವಾಗುವುದು ಸಹಜ. ಅದಕ್ಕೇ ಎಚ್ಚರದ ಲೇಖಕರು ಕ್ಲೋರೊಫೈಟಾ ಎಂದು ಬರೆಯುವಾಗ ಅದು ವಿಶಾಲ ಅರ್ಥದ್ದೋ ಕಿರಿದಾದ ಅರ್ಥದ್ದೋ ಎಂದು ಒಮ್ಮೆ ಹೇಳಿ ಮುಂದೆ ಹೋಗುತ್ತಾರೆ. ಎರಡೂ ವಂಶಗಳ ಶೈವಲಗಳನ್ನು ಒಟ್ಟಾಗಿ ಸೂಚಿಸಬೇಕಾದಲ್ಲಿ ಯಾವ ದರ್ಜೆಯನ್ನೂ ಹೇಳದ 'ಹಸಿರು ಶೈವಲಗಳು' ಎಂಬ ಮಾತನ್ನೇ ಬಳಸುತ್ತಾರೆ.