ಕಬ್ಜೆಗೆ ಅಡ್ಡ ನಿಂತ ಮೂರನೆಯವರು: ಜಮಖಂಡಿ ಸೀಮೆಯಿಂದ ಒಂದು ನೋಟ

1948ರಲ್ಲಿ ಸಂಸ್ಥಾನಗಳು ಮುಂಬಯಿ ಪ್ರಾಂತದಲ್ಲಿ ವಿಲೀನವಾಗುವವರೆಗೆ ರಬಕವಿಯಿಂದ ಪಕ್ಕದ ಬನಹಟ್ಟಿಗೆ ಹೋದವರು ಸಾಂಗ್ಲಿ ಸಂಸ್ಥಾನ ದಾಟಿ ಜಮಖಂಡಿ ಸಂಸ್ಥಾನಕ್ಕೆ ಕಾಲಿಡುತ್ತಿದ್ದರು. ಜಮಖಂಡಿ ಪಟವರ್ಧನರದು, ಮುಧೋಳ ಘೋರ್ಪಡೆಯವರದು, ಬೀಳಗಿ ಮಾತ್ರ ಬ್ರಿಟಿಷರ ವಿಜಾಪುರ ಜಿಲ್ಲೆಯದು. ಸಂಸ್ಥಾನದ ಕೋರ್ಟಿನ ಡಿಕ್ರಿ ಬೀಳಗಿ ಕಡೆ ಅಮಲಾಗಬೇಕಾದರೆ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 44ನೇ ಕಲಮಿನಡಿ ಸರ್ಕಾರದ ಅಧಿಸೂಚನೆ ಇರಬೇಕಿತ್ತು. ಹೀಗೆ ಬೇರೆಬೇರೆ ಆಳ್ವಿಕೆಗಳ ದಾಖಲೆಗಳು ಒಂದರ ಮೇಲೊಂದು ಕೂತ ನೆಲದಲ್ಲಿ, ಡಿಕ್ರಿಯ ಅಮಲ್ಜಾರಿಗೆ ದರಖಾಸ್ತು ಹಾಕಿದವನ ಎದುರಿಗೆ ದಾವೆಯಲ್ಲಿ ಹೆಸರೇ ಇಲ್ಲದವನೊಬ್ಬ ಬಂದು ನಿಂತರೆ ಅದನ್ನು ಬರೀ ಕುತಂತ್ರವೆಂದು ತಳ್ಳಿಹಾಕುವುದು ತಪ್ಪಾಗುತ್ತದೆ.

ಮೂರನೆಯವನ ಹಕ್ಕನ್ನು ಅಮಲ್ಜಾರಿ ಕೋರ್ಟೇ ತೀರ್ಮಾನಿಸುವ ಪದ್ಧತಿ 1976ರ ತಿದ್ದುಪಡಿಯ ಕೊಡುಗೆ ಎಂದು ನಮ್ಮಲ್ಲಿ ಸಾಮಾನ್ಯವಾಗಿ ಹೇಳುತ್ತಾರೆ. ಅದು ಅರ್ಧ ಸತ್ಯ. 1859ರ ಸಂಹಿತೆಯಲ್ಲೇ, ಪ್ರಾಮಾಣಿಕವಾಗಿ ಸ್ವಂತ ಹಕ್ಕು ಹೇಳಿ ಅಡ್ಡ ನಿಂತವನ ತಕರಾರಿಗೆ ದಾವೆಯ ನಂಬರು ಹಾಕಿ, ಡಿಕ್ರಿದಾರನನ್ನು ವಾದಿಯಾಗಿಯೂ ಅವನನ್ನು ಪ್ರತಿವಾದಿಯಾಗಿಯೂ ಇಟ್ಟು ವಿಚಾರಿಸುವ ದಾರಿ ಇತ್ತು. 1882ರ ಸಂಹಿತೆಯ 331ನೇ ಕಲಮು ಅದನ್ನು ಉಳಿಸಿಕೊಂಡಿತು. 1908ರಲ್ಲಿ ಅದು ಕೈಬಿಟ್ಟುಹೋಯಿತು. 21ನೇ ಆದೇಶದ 97ರಿಂದ 103ರವರೆಗಿನ ನಿಯಮಗಳಲ್ಲಿ ಕೋರ್ಟು ಮೇಲುಮೇಲಿನ ವಿಚಾರಣೆ ನಡೆಸಿ ಕಬ್ಜೆಯ ಮಟ್ಟಿಗೆ ಆದೇಶ ಮಾಡುತ್ತಿತ್ತು. ಸೋತವನು ಒಂದು ವರ್ಷದೊಳಗೆ ಬೇರೆ ದಾವೆ ಹೂಡಬೇಕಿತ್ತು. ಗೆದ್ದ ದಾವೆಯ ಬೆನ್ನಿಗೆ ಇನ್ನೊಂದು ದಾವೆ! ಭಾರತದಲ್ಲಿ ಕಕ್ಷಿದಾರನ ಕಷ್ಟ ಡಿಕ್ರಿ ಕೈಗೆ ಬಂದ ಮೇಲೆಯೇ ಶುರುವಾಗುತ್ತದೆ ಎಂದು ಪ್ರಿವಿ ಕೌನ್ಸಿಲ್ 1872ರಲ್ಲೇ ಗುರುತಿಸಿತ್ತು. 1908ರ ನಿಯಮ ಆ ಕಷ್ಟವನ್ನು ಇನ್ನಷ್ಟು ಉದ್ದ ಎಳೆಯಿತು. 1977ರ ಫೆಬ್ರುವರಿ 1ರಿಂದ ಜಾರಿಗೆ ಬಂದ ತಿದ್ದುಪಡಿ ಹಕ್ಕು, ಒಡೆತನ, ಹಿತಾಸಕ್ತಿಯ ಪ್ರಶ್ನೆಗಳನ್ನೆಲ್ಲ ಅಮಲ್ಜಾರಿ ಕೋರ್ಟಿಗೇ ಒಪ್ಪಿಸಿತು. ಆ ಆದೇಶಕ್ಕೆ ಡಿಕ್ರಿಯ ಬಲ ಬಂತು, ಮೇಲ್ಮನವಿಯ ದಾರಿ ತೆರೆಯಿತು. ಬಹುಮಟ್ಟಿಗೆ ಹಳೆಯ ದಾರಿಗೇ ಮರಳಿದಂತಾಯಿತು.

ಈ ಸೀಮೆಯಲ್ಲಿ ಅಡ್ಡ ನಿಲ್ಲುವವರಲ್ಲಿ ಕುಳಗಳ (ಗೇಣಿದಾರರ) ಕಥೆಗೆ ತೂಕ ಹೆಚ್ಚು. ಅಣ್ಣತಮ್ಮಂದಿರು ವಾಟ್ನಿಗಾಗಿ (ಪಾಲಿಗಾಗಿ) ದಾವೆ ಹೂಡುತ್ತಾರೆ. ಹೊಲ ಉಳುವವನನ್ನು ಯಾರೂ ಪಕ್ಷಗಾರನನ್ನಾಗಿ ಮಾಡುವುದಿಲ್ಲ. ಅವನಿಗೆ 1948ರ ಮುಂಬಯಿ ಕುಳ ಕಾಯ್ದೆಯ ರಕ್ಷಣೆ ಇತ್ತು, 1965ರ ಅಕ್ಟೋಬರ್ 2ರಿಂದ ಭೂಸುಧಾರಣಾ ಕಾಯ್ದೆಯದು. 1974ರ ಮಾರ್ಚ್ 1ರಂದು ಗೇಣಿ ಜಮೀನುಗಳು ಸರ್ಕಾರದಲ್ಲಿ ನಿಹಿತವಾದವು. ಫಾರ್ಮ್ 7 ಕೊಟ್ಟ ಕುಳನ ಅರ್ಜಿ ಭೂನ್ಯಾಯ ಮಂಡಳಿಗೆ ಹೋಯಿತು. ಅವನು ಕುಳನೋ ಅಲ್ಲವೋ ಎಂಬುದನ್ನು ಸಿವಿಲ್ ಕೋರ್ಟು ತಾನೇ ತೀರ್ಮಾನಿಸುವಂತಿಲ್ಲ, 133ನೇ ಕಲಮಿನಡಿ ಮಂಡಳಿಗೇ ಕಳಿಸಬೇಕು. 21ನೇ ಆದೇಶದ 101ನೇ ನಿಯಮ ಎಲ್ಲ ಪ್ರಶ್ನೆ ಇಲ್ಲೇ ಬಗೆಹರಿಯಲಿ ಎನ್ನುತ್ತದೆ, ಭೂಸುಧಾರಣಾ ಕಾಯ್ದೆ ಈ ಒಂದು ಪ್ರಶ್ನೆಯನ್ನು ಕೋರ್ಟಿನ ಕೈಯಿಂದ ಕಿತ್ತುಕೊಳ್ಳುತ್ತದೆ. ದಾವೆಯಲ್ಲಿ ಗೆದ್ದ ಮುದುಕರೂ ತಲೆಮಾರುಗಳಿಂದ ಉತ್ತಿ ಬಿತ್ತಿದವರೂ ಈ ಎರಡು ಕಾನೂನುಗಳ ನಡುವೆ ವರ್ಷಗಟ್ಟಲೆ ಸಿಕ್ಕಿಬೀಳುತ್ತಾರೆ. ಹೊಲದಲ್ಲಿ ನಿಜವಾದ ಗೇಣಿದಾರನಿದ್ದು ಅವನು ಡಿಕ್ರಿಗೆ ಬದ್ಧನಲ್ಲದಿದ್ದರೆ ಅದೇ ಆದೇಶದ 36ನೇ ನಿಯಮದಂತೆ ವಾರಂಟು ಅಂಟಿಸಿ ಡಂಗುರ ಸಾರಿ ಸಾಂಕೇತಿಕ ಕಬ್ಜೆ ಕೊಟ್ಟರೆ ಸಾಕು, ಅವನನ್ನು ಎಬ್ಬಿಸಬೇಕಾಗಿಲ್ಲ. ರಬಕವಿ-ಬನಹಟ್ಟಿಯಲ್ಲಿ ಬಾಡಿಗೆ ಮನೆಯಲ್ಲೇ ಮಗ್ಗ ಹೂಡಿಕೊಂಡ ನೇಕಾರನಿಗೂ ಈ ನಿಯಮ ಅಷ್ಟೇ ಮುಖ್ಯ. ಅವನಿಗೆ ಮನೆ ಹೋದರೆ ದುಡಿಮೆಯೂ ಹೋಯಿತು.

ದಾವೆ ನಡೆಯುತ್ತಿರುವಾಗಲೇ ಡಿಕ್ರಿಯ ಋಣಿಯಿಂದ ಜಮೀನು ಕೊಂಡವನಿಗೆ ಮಾತ್ರ 102ನೇ ನಿಯಮ ಆಸರೆ ಕೊಡುವುದಿಲ್ಲ. ಅದು ಸರಿ.

ತಕರಾರುದಾರ ಕಬ್ಜೆ ಕಳೆದುಕೊಂಡ ಮೇಲೆಯೇ ಕೋರ್ಟಿಗೆ ಬರಬೇಕೇ? ಬೇಕಿಲ್ಲ, ಅಡ್ಡಿ ಮಾಡಿದಾಗಲೇ ಅವನ ಮಾತು ಕೇಳಬೇಕು ಎಂದು ಬ್ರಹ್ಮದೇವ್ ಚೌಧರಿ ಪ್ರಕರಣದಲ್ಲಿ (1997) ಸುಪ್ರೀಂ ಕೋರ್ಟು ಹೇಳಿತು. ಮರುವರ್ಷ ಸಿಲ್ವರ್‌ಲೈನ್ ಫೋರಂ ಪ್ರಕರಣದಲ್ಲಿ, ಪ್ರತಿ ತಕರಾರಿಗೂ ಉದ್ದನೆಯ ಸಾಕ್ಷಿ ವಿಚಾರಣೆ ಅಗತ್ಯವಿಲ್ಲವೆಂದೂ ಸ್ಪಷ್ಟಪಡಿಸಿತು. ಎರಡನ್ನೂ ಒಟ್ಟಿಗೆ ಓದಬೇಕು. ಎರಡನೆಯದನ್ನೇ ಹಿಡಿದು ಮೊದಲನೆಯದನ್ನು ಮರೆತರೆ, ಬಡವನ ಅರ್ಜಿ ಒಂದೇ ಸಾಲಿನಲ್ಲಿ ವಜಾ ಆಗುತ್ತದೆ.

ನನಗೆ ಹೆಚ್ಚು ಆಸೆ ಹುಟ್ಟಿಸುವುದು ಬೆಂಗಳೂರಿನ ಆಸ್ತಿ ವ್ಯಾಜ್ಯದಿಂದ ಹುಟ್ಟಿದ ರಾಹುಲ್ ಶಾ ತೀರ್ಪು (2021). ಅಮಲ್ಜಾರಿಯನ್ನು ಆರು ತಿಂಗಳಲ್ಲಿ ಮುಗಿಸಬೇಕೆಂದ ಮಾತೇ ಹೆಚ್ಚು ಪ್ರಚಾರವಾಯಿತು. ಆದರೆ ಅದರ ತಿರುಳು ಬೇರೆ: ಕಬ್ಜೆಯ ದಾವೆಗಳಲ್ಲಿ ಡಿಕ್ರಿಗೆ ಮುಂಚೆಯೇ ಆಸ್ತಿಯಲ್ಲಿ ಮೂರನೆಯವರ ಹಿತಾಸಕ್ತಿ ಇದೆಯೇ ಎಂದು ಪಕ್ಷಗಾರರನ್ನು ಕೇಳಬೇಕು, ಬೇಕಾದರೆ ಕಮಿಷನರನ್ನು ಕಳಿಸಿ ಸ್ಥಿತಿಗತಿ ದಾಖಲಿಸಬೇಕು. ಉತಾರದ ಸಾಗುವಳಿ ಕಾಲಮ್ಮಿನಲ್ಲಿ ಯಾರ ಹೆಸರಿದೆ, ಈ ಹಂಗಾಮಿನಲ್ಲಿ ಕಬ್ಬು ಯಾರದು ಎಂಬ ಎರಡು ಪ್ರಶ್ನೆಗಳನ್ನು ಜಮಖಂಡಿಯ ದಾವೆಯಲ್ಲಾಗಲಿ ಬೀಳಗಿಯದರಲ್ಲಾಗಲಿ ಮೊದಲ ತಾರೀಖಿನಲ್ಲೇ ಕೇಳಬಹುದು.