ಆಲದ ಮರದಡಿಯಿಂದ ಬೋಧನಾ ಆಸ್ಪತ್ರೆಗೆ



ಫೆಬ್ರವರಿ 11 ಲೂರ್ದು ಮಾತೆಯ ಹಬ್ಬ. ಸಂತ ಎರಡನೇ ಜಾನ್ ಪೌಲರು 1992ರಲ್ಲಿ ಈ ದಿನವನ್ನು ವಿಶ್ವ ರೋಗಿಗಳ ದಿನವೆಂದು ಘೋಷಿಸಿದರು. ಅಂದು ರೋಗಿಗಳಿಗಾಗಿ ಪ್ರಾರ್ಥಿಸುತ್ತೇವೆ. ಆದರೆ ಪ್ರಾರ್ಥನೆ ಮುಗಿದ ಮೇಲೆ ಏನು?

ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆಗಳಲ್ಲಿ ಮನೆ ಭೇಟಿಗೆ ಹೋದಾಗ ನಾವು ಹಲವು ಬಾರಿ ಕಂಡದ್ದಿದು: ಪವಿತ್ರ ಬೈಬಲಿನ ಹಾಳೆಗಳ ನಡುವೆ ಮಡಿಚಿಟ್ಟ ಆಸ್ಪತ್ರೆಯ ಚೀಟಿ. ದೊಡ್ಡಾಸ್ಪತ್ರೆಗೆ ಹೋಗಿ ಎಂದು ವೈದ್ಯರು ಬರೆದುಕೊಟ್ಟು ತಿಂಗಳುಗಳಾಗಿರುತ್ತವೆ. ಕೇಳಿದರೆ, "ಅಲ್ಲಿ ನಮಗೆ ಯಾರು ಗೊತ್ತು ಸ್ವಾಮಿ? ಕಲಿಯುವ ಹುಡುಗರ ಕೈಗೆ ಕೊಡುತ್ತಾರಂತೆ" ಎಂಬ ಉತ್ತರ. ಈ ಭಯಕ್ಕೆ ಉತ್ತರ ಹುಡುಕಲು ನಮ್ಮ ನಾಡಿನ ಧರ್ಮಸಭೆಯ ಇತಿಹಾಸವನ್ನೇ ಸ್ವಲ್ಪ ನೋಡೋಣ.

ಕರಾವಳಿಯ ಕಡೆಯ ಹಿರಿಯರು "ಕಂಕನಾಡಿ ಆಸ್ಪತ್ರೆ" ಎಂದು ಕರೆಯುವ ಮಂಗಳೂರಿನ ಫಾದರ್ ಮುಲ್ಲರ್ ಆಸ್ಪತ್ರೆಯ ಹೆಸರು ನಮಗೆಲ್ಲ ಗೊತ್ತು. ಜರ್ಮನಿಯಲ್ಲಿ 1841ರಲ್ಲಿ ಹುಟ್ಟಿದ ಯೇಸುಸಭೆಯ ಗುರು ಅಗಸ್ಟಸ್ ಮುಲ್ಲರ್, 1878ರ ಡಿಸೆಂಬರ್ 31ರಂದು ಇತರ ಯೇಸುಸಭೆಯವರೊಡನೆ ಮಂಗಳೂರಿಗೆ ಬಂದಿಳಿದರು. 1880ರಲ್ಲಿ ಕಂಕನಾಡಿಯ ಆಲದ ಮರವೊಂದರ ಕೆಳಗೆ ಬಡವರಿಗೆ ಹೋಮಿಯೋಪತಿ ಔಷಧ ಕೊಡಲಾರಂಭಿಸಿದರು. ಕಟ್ಟಡವಿರಲಿಲ್ಲ, ಹಾಸಿಗೆಗಳಿರಲಿಲ್ಲ. ಬಂದವರಿಗೆ ನೆರಳಿತ್ತು, ಕೇಳುವ ಕಿವಿಯಿತ್ತು. ಔಷಧ ಮಾರಾಟದಿಂದ ಬಂದ ಹಣ ಬಡರೋಗಿಗಳ ಸೇವೆಗೆ ಹೋಗುತ್ತಿತ್ತು.

1890ರಲ್ಲಿ ಅವರು ಕುಷ್ಠರೋಗಿಗಳಿಗೆ ಆಶ್ರಯ ತೆರೆದರು. ಆ ಕಾಲದಲ್ಲಿ ಕುಷ್ಠವನ್ನು ಗುಣಪಡಿಸುವ ಔಷಧ ಯಾರ ಬಳಿಯೂ ಇರಲಿಲ್ಲ. ಪೂರ್ಣ ಗುಣಪಡಿಸುವ ಬಹು ಔಷಧ ಚಿಕಿತ್ಸೆ ಬಳಕೆಗೆ ಬಂದದ್ದು 1980ರ ದಶಕದಲ್ಲಿ. ಗುಣಪಡಿಸಲಾಗದ ರೋಗಿಯನ್ನೂ ಬಾಗಿಲಿನಿಂದ ಹಿಂದಕ್ಕೆ ಕಳುಹಿಸಬಾರದು ಎಂಬುದೇ ಆ ಆಶ್ರಯದ ಅಡಿಗಲ್ಲು. 1902ರಲ್ಲಿ ಪ್ಲೇಗ್ ರೋಗಿಗಳಿಗೂ ಆಸ್ಪತ್ರೆ ಕಟ್ಟಿದರು. 1910ರ ನವೆಂಬರ್ 1ರಂದು, ಸಕಲ ಸಂತರ ಹಬ್ಬದ ದಿನ, ಫಾದರ್ ಮುಲ್ಲರ್ ಪ್ರಭುವಿನಲ್ಲಿ ನಿದ್ರಿಸಿದರು.

ಸೇವೆಯ ಹಿಂದೆಯೇ ಬೋಧನೆ ಬಂತು. 1960ರಲ್ಲಿ ನರ್ಸಿಂಗ್ ಶಾಲೆ, 1985ರಲ್ಲಿ ಹೋಮಿಯೋಪತಿ ಕಾಲೇಜು, 1999ರಲ್ಲಿ ವೈದ್ಯಕೀಯ ಕಾಲೇಜು ಆರಂಭವಾದವು. ಮಂಗಳೂರು ಧರ್ಮಕ್ಷೇತ್ರದ ಆಶ್ರಯದಲ್ಲಿರುವ ಈ ಆಸ್ಪತ್ರೆಯಲ್ಲಿ ಇಂದು ಸಾವಿರಕ್ಕೂ ಹೆಚ್ಚು ಹಾಸಿಗೆಗಳಿವೆ.

ಅದೇ 1999ರಲ್ಲಿ ನಮ್ಮ ಚಿತ್ರದುರ್ಗದಲ್ಲೂ ಎಸ್.ಜೆ.ಎಂ. ವಿದ್ಯಾಪೀಠದ ಬಸವೇಶ್ವರ ವೈದ್ಯಕೀಯ ಕಾಲೇಜು ಮತ್ತು ಆಸ್ಪತ್ರೆ ಆರಂಭವಾಯಿತು. ಅದಕ್ಕೂ ಮೊದಲು ವೈದ್ಯಕೀಯ ಕಾಲೇಜಿನ ಆಸ್ಪತ್ರೆ ಬೇಕೆಂದರೆ ದಾವಣಗೆರೆಗೋ ಬೆಂಗಳೂರಿಗೋ ಹೋಗಬೇಕಿತ್ತು. 2023ರಲ್ಲಿ ಸರ್ಕಾರಿ ವೈದ್ಯಕೀಯ ಕಾಲೇಜೂ ಆರಂಭವಾಯಿತು. ಹೀಗೆ ದೊಡ್ಡಾಸ್ಪತ್ರೆ ಈಗ ನಮ್ಮ ಬಳಿಗೇ ಬಂದಿದೆ. ಭಯ ಮಾತ್ರ ಇನ್ನೂ ದೂರ ಹೋಗಿಲ್ಲ.

"ಕಲಿಯುವ ಹುಡುಗರ" ವಿಷಯ ಹೇಳುತ್ತೇವೆ. ಬೋಧನಾ ಆಸ್ಪತ್ರೆಯಲ್ಲಿ ವಿದ್ಯಾರ್ಥಿ, ಹೌಸ್ ಸರ್ಜನ್, ಸ್ನಾತಕೋತ್ತರ ವೈದ್ಯ, ಪ್ರಾಧ್ಯಾಪಕರು ಎಲ್ಲರೂ ಬಂದು ಅದೇ ಪ್ರಶ್ನೆ ಕೇಳುತ್ತಾರೆ. ಬೇಸರವಾಗುವುದು ಸಹಜ. ಆದರೆ ಒಬ್ಬರು ಗಮನಿಸದ್ದನ್ನು ಇನ್ನೊಬ್ಬರು ಗಮನಿಸುತ್ತಾರೆ. ಚಿಕಿತ್ಸೆಯ ಹೊಣೆ ಹಿರಿಯ ವೈದ್ಯರದ್ದೇ. ಏನು ಮಾಡುತ್ತೀರಿ, ಏಕೆ ಎಂದು ಕೇಳುವ ಹಕ್ಕು ರೋಗಿಗೂ ಇದೆ. ನಿಮ್ಮ ತಾಯಿಯ ಹಾಸಿಗೆಯ ಬಳಿ ಇಂದು ಕಲಿತ ಹುಡುಗಿಯೇ ನಾಳೆ ಹೊಸದುರ್ಗದ ಹಳ್ಳಿಯೊಂದರಲ್ಲಿ ಮತ್ತೊಬ್ಬರ ತಾಯಿಯನ್ನು ಉಳಿಸಬಹುದು.

ಹಣದ ಚಿಂತೆಗೂ ದಾರಿಯಿದೆ. 2018ರಲ್ಲಿ ಜಾರಿಗೆ ಬಂದ ಆಯುಷ್ಮಾನ್ ಭಾರತ್ ಆರೋಗ್ಯ ಕರ್ನಾಟಕ ಯೋಜನೆಯಡಿ ಬಿ.ಪಿ.ಎಲ್. ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಚಿಕಿತ್ಸೆಯ ನೆರವುಂಟು. ಸಾಮಾನ್ಯವಾಗಿ ಮೊದಲು ಸರ್ಕಾರಿ ಆಸ್ಪತ್ರೆಗೆ ಹೋಗಬೇಕು. ಅಲ್ಲಿ ಆಗದ ಚಿಕಿತ್ಸೆಗೆ ಬೇರೆ ಆಸ್ಪತ್ರೆಗೆ ಬರೆದುಕೊಡುತ್ತಾರೆ. ಬೈಬಲಿನಲ್ಲಿ ಮಡಿಚಿಟ್ಟ ಆ ಚೀಟಿಗೆ ಇಷ್ಟು ಬೆಲೆಯಿದೆ! ಕುಷ್ಠಕ್ಕಂತೂ ಔಷಧ ಉಚಿತ. ಚರ್ಮದ ಮೇಲೆ ಸ್ಪರ್ಶ ತಿಳಿಯದ ಮಚ್ಚೆಯಿದ್ದರೆ ನಾಚಿಕೆಯಿಂದ ಮುಚ್ಚಿಡಬೇಡಿ.

ಒಳ್ಳೆಯ ಸಮಾರಿಯದವನ ಸಾಮತಿಯನ್ನು ನೆನೆಯಿರಿ. ಅವನು ಗಾಯಗಳಿಗೆ ಎಣ್ಣೆ, ದ್ರಾಕ್ಷಾರಸ ಹಾಕಿ ಅಷ್ಟಕ್ಕೇ ಬಿಡಲಿಲ್ಲ. ಗಾಯಾಳುವನ್ನು ಛತ್ರಕ್ಕೆ ಕರೆದೊಯ್ದ, ಖರ್ಚಿಗೆ ಕೊಟ್ಟ, ಮತ್ತೆ ಬರುವೆನೆಂದ. ಛತ್ರವಿದ್ದರೆ ಸಾಲದು, ಅಲ್ಲಿಗೆ ಕರೆದೊಯ್ಯುವವರೂ ಬೇಕು.

ಆದುದರಿಂದ ಈ ಹಬ್ಬದಂದು ಪ್ರತಿ ಧರ್ಮಕೇಂದ್ರದಲ್ಲೂ ಇಬ್ಬರಾದರೂ ಮುಂದೆ ಬರಲಿ. ಆಸ್ಪತ್ರೆಯ ಕೌಂಟರ್, ವಿಭಾಗಗಳು, ಬೇಕಾದ ಕಾಗದಪತ್ರಗಳನ್ನು ತಿಳಿದುಕೊಂಡು, ಜಾತಿಮತ ನೋಡದೆ ನೆರೆಮನೆಯ ರೋಗಿಯ ಜೊತೆ ಹೋಗಲಿ. "ಅಲ್ಲಿ ನಮಗೆ ಯಾರು ಗೊತ್ತು?" ಎಂದವರಿಗೆ "ನಾನು ಬರುತ್ತೇನೆ, ನಡೆಯಿರಿ" ಎನ್ನೋಣ. ಲೂರ್ದು ಮಾತೆ ನಮ್ಮೆಲ್ಲ ರೋಗಿಗಳಿಗಾಗಿ ಪ್ರಾರ್ಥಿಸಲಿ.